ರೈಲು ರಿಷಭದಿಂದ ಷಡ್ಜಕ್ಕೆ ಇಳಿದಾಗ

"ರೈಲು ಹತ್ತಿರ ಬರ್ತಾ ಬರ್ತಾ ಹಾರ್ನಿನ ಶ್ರುತಿ ಏರ್ತಾ ಹೋಗುತ್ತೆ, ಅಲ್ವಾ ಸರ್?"

ಸದ್ದು ಮಾಡುವ ವಸ್ತು ಹತ್ತಿರ ಬರುವಾಗ ಶ್ರುತಿ ಮೇಲೆ, ದೂರ ಹೋಗುವಾಗ ಕೆಳಗೆ ಕೇಳಿಸುತ್ತದಲ್ಲ, ಆ ಡಾಪ್ಲರ್ ಪರಿಣಾಮದ ಪಾಠ ಬಂದಾಗಲೆಲ್ಲ ಯಾರಾದರೊಬ್ಬರು ಹೀಗೆ ಕೇಳುತ್ತಾರೆ. ನಾನು ಎಷ್ಟೋ ವರ್ಷ "ಹೌದಪ್ಪ" ಅಂತ ಹೇಳಿ ಮುಂದಕ್ಕೆ ಹೋಗಿದ್ದೇನೆ. ಪಿಯು ಮಕ್ಕಳಿಗೆ ಭೌತಶಾಸ್ತ್ರ ಕಲಿಸುವುದು ನನ್ನ ಕೆಲಸ. ಸೂತ್ರ ಬಾಯಿಪಾಠ ಇತ್ತು. ಲೆಕ್ಕಗಳೂ ಬಾಯಿಪಾಠ. ಅರಸೀಕೆರೆ ಕಡೆಯ ನಮ್ಮೂರಿನ ಪಕ್ಕದಲ್ಲೇ ರೈಲು ಹಳಿ ಇದೆ. ಆದರೂ ಒಂದು ದಿನವೂ ನಿಂತು ಕಿವಿಗೊಟ್ಟು ಕೇಳಿರಲಿಲ್ಲ.

ಆ ಉತ್ತರ ತಪ್ಪು. ಅದು ತಪ್ಪು ಅಂತ ಗೊತ್ತಾಗಿದ್ದು ಒಂದು ತೆಂಗಿನ ತೋಟದಲ್ಲಿ.

ತೋಟ ನಮ್ಮ ಒಬ್ಬ ವಿದ್ಯಾರ್ಥಿನಿಯ ಮನೆಯವರದು. ಬೇಲಿಯಾಚೆ ಹಳಿ. ಹಳಿಯ ಮೇಲೆ ಅಥವಾ ಅದರ ಪಕ್ಕ ಹೋಗಿ ನಿಲ್ಲುವುದು ಅಪಾಯ, ಕಾನೂನಿನ ಪ್ರಕಾರ ಅಪರಾಧವೂ ಹೌದು. ಹಾಗಾಗಿ ಬೇಲಿಯ ಒಳಗೆ, ಹಳಿಯಿಂದ ಸುಮಾರು 25 ಮೀಟರ್ ದೂರದಲ್ಲಿ ಒಂದು ತೆಂಗಿನ ಮರಕ್ಕೆ ಫೋನ್ ಕಟ್ಟಿದೆವು. ರೆಕಾರ್ಡಿಂಗ್ ಒತ್ತಿ ಕಾದೆವು.

ಮೊದಲ ವಾರ ಏನೂ ಸಿಗಲಿಲ್ಲ. ನಾವು ಮೊದಲು ನಿಂತಿದ್ದು ಲೆವೆಲ್ ಕ್ರಾಸಿಂಗ್ ಗೇಟಿನ ಹತ್ತಿರ. ಗೇಟಿಗೆ ನೂರಾರು ಮೀಟರ್ ಮೊದಲೇ ಹಳಿ ಪಕ್ಕ ಒಂದು ಹಳದಿ ಬೋರ್ಡು ಇರುತ್ತದೆ. ಲೋಕೋ ಪೈಲಟ್ ಅಲ್ಲಿಂದ ಹಾರ್ನ್ ಹೊಡೆಯಲು ಶುರು ಮಾಡುತ್ತಾರೆ. ಗೇಟು ದಾಟಿದ ಮೇಲೆ ಹಾರ್ನ್ ಯಾಕೆ ಬೇಕು? ನಿಲ್ಲಿಸಿಬಿಡುತ್ತಾರೆ. ನಮಗೆ ಬರುವಾಗಿನ ಸದ್ದು ಸಿಕ್ಕಿತು, ಹೋಗುವಾಗಿನದು ಸಿಗಲಿಲ್ಲ. ಅರ್ಧ ಸದ್ದಿನಿಂದ ಏನೂ ಆಗದು. ಆ ಹಾರ್ನಿನ ನಿಜವಾದ ಶ್ರುತಿ ಏನು ಅಂತ ನಮಗೇನು ಗೊತ್ತು? ಬೋರ್ಡಿಗೂ ಗೇಟಿಗೂ ನಡುವೆ ಇರುವ ಈ ತೋಟ ಆಗ ನೆನಪಾಯಿತು. ಇಲ್ಲಿ ಎಂಜಿನ್ ನಮ್ಮನ್ನು ದಾಟುವಾಗಲೂ ಹಾರ್ನ್ ನಡೆದೇ ಇರುತ್ತದೆ.

ಎರಡನೇ ತೊಂದರೆ ಗಾಳಿ. ತೆಂಗಿನ ಗರಿ ಇಷ್ಟು ಗಲಾಟೆ ಮಾಡುತ್ತದೆ ಅಂತ ರೆಕಾರ್ಡಿಂಗ್ ಕೇಳುವ ತನಕ ಗೊತ್ತಿರಲಿಲ್ಲ. ಗರಿಯನ್ನು ಸುಮ್ಮನಿರಿಸಲು ಆಗದು, ಆದರೆ ಮೈಕಿಗೆ ನೇರ ಬಡಿಯುವ ಗಾಳಿ ತಡೆಯಬಹುದು. ಹಳೇ ಉಣ್ಣೆ ಕಾಲುಚೀಲ ಹಾಕಿದೆವು, ಸರಿಹೋಯಿತು. ಮೂರನೆಯದು, ಎಂಜಿನ್ ಹತ್ತಿರ ಬಂದಾಗ ಸದ್ದು ಜಾಸ್ತಿಯಾಗಿ ರೆಕಾರ್ಡಿಂಗ್ ಒಡೆಯುತ್ತಿತ್ತು. ಅದಕ್ಕೆ ಹೆಚ್ಚು ತಲೆ ಕೆಡಿಸಿಕೊಳ್ಳಲಿಲ್ಲ. ಸದ್ದು ಒಡೆದರೂ ಮೂಲ ಆವರ್ತನ (ಸೆಕೆಂಡಿಗೆ ಎಷ್ಟು ಕಂಪನ ಅನ್ನುವ ಲೆಕ್ಕ) ಬದಲಾಗುವುದಿಲ್ಲ, ಮೇಲೆ ಒಂದಿಷ್ಟು ಕಸ ಸೇರುತ್ತದೆ ಅಷ್ಟೆ. ಎರಡು ತಿಂಗಳಲ್ಲಿ 23 ರೆಕಾರ್ಡಿಂಗ್ ಮಾಡಿದೆವು. ಕೆಲಸಕ್ಕೆ ಬಂದಿದ್ದು 6.

ಉಚಿತವಾಗಿ ಸಿಗುವ ಆಡಾಸಿಟಿ ತಂತ್ರಾಂಶದಲ್ಲಿ ಸದ್ದನ್ನು ಸ್ಪೆಕ್ಟ್ರೋಗ್ರಾಂ ಆಗಿ ನೋಡಬಹುದು. ಅಡ್ಡಕ್ಕೆ ಸಮಯ, ಉದ್ದಕ್ಕೆ ಆವರ್ತನ. ಹಾರ್ನಿನ ಪ್ರತಿ ಸ್ವರ ಒಂದು ಹೊಳೆಯುವ ಗೆರೆ. ಮೊದಲ ಒಳ್ಳೆಯ ರೆಕಾರ್ಡಿಂಗ್ ತೆರೆದಾಗ ಮಕ್ಕಳೆಲ್ಲ ಲ್ಯಾಪ್‌ಟಾಪಿನ ಸುತ್ತ ಮುಗಿಬಿದ್ದರು. ಗೆರೆ ಏರುತ್ತಾ ಹೋಗಬೇಕಿತ್ತು, ತುದಿ ಮುಟ್ಟಿ ಬೀಳಬೇಕಿತ್ತು. ಹಾಗಾಗಲಿಲ್ಲ. ಗೆರೆ ಮಟ್ಟಸವಾಗಿ ಬಂತು. ಎಂಜಿನ್ ನಮ್ಮ ಮುಂದೆ ಬಂದಾಗ ಜಾರಿತು. ಆಮೇಲೆ ಮತ್ತೆ ಮಟ್ಟಸವಾಗಿ ಹೋಯಿತು. ಎಲ್ಲೂ ಏರಲೇ ಇಲ್ಲ.

"ಆದರೆ ಏರಿದ ಹಾಗೆ ಕೇಳಿಸ್ತಲ್ಲ ಸರ್!" ಕೇಳಿಸಿದ್ದು ನಿಜ, ನನಗೂ ಹಾಗೇ ಕೇಳಿಸಿತ್ತು. ಸದ್ದು ಜೋರಾಗುತ್ತಾ ಬಂದರೆ ನಮ್ಮ ಕಿವಿ ಅದನ್ನು ಶ್ರುತಿ ಏರಿದಂತೆ ಗ್ರಹಿಸುತ್ತದೆ. ಜೋರಿಗೂ ಎತ್ತರಕ್ಕೂ ನಡುವೆ ಕಿವಿಗೆ ಗೊಂದಲ. ಇದಕ್ಕೂ ಡಾಪ್ಲರ್‌ಗೂ ಸಂಬಂಧ ಇಲ್ಲ. ರೈಲು ಒಂದೇ ವೇಗದಲ್ಲಿ ನೇರ ನಮ್ಮ ಕಡೆ ಬರುತ್ತಿದ್ದರೆ ನಮಗೆ ಕೇಳುವ ಆವರ್ತನವೂ ಒಂದೇ. ನಿಜವಾದ ಶ್ರುತಿಗಿಂತ ಮೇಲೆ, ಆದರೆ ಸ್ಥಿರ. ದಾಟುವಾಗ ಇಳಿತ. ದಾಟಿದ ಮೇಲೆ ಕೆಳಗೆ, ಮತ್ತೆ ಸ್ಥಿರ. ನಾವು 25 ಮೀಟರ್ ದೂರ ಇದ್ದಿದ್ದರಿಂದ ಇಳಿತದ ಬಹುಪಾಲು ಮೂರು ಸೆಕೆಂಡಿನಲ್ಲಿ ಮುಗಿಯಿತು. ನೂರು ಮೀಟರ್ ದೂರದ ಮನೆ ಜಗುಲಿಯಿಂದ ಕೇಳಿದರೆ ಅದೇ ಇಳಿತ ಹನ್ನೆರಡು ಸೆಕೆಂಡು ಎಳೆಯುತ್ತದೆ, ಜಾರುತ್ತಾ ಜಾರುತ್ತಾ. ಎಷ್ಟು ಇಳಿಯಬೇಕು ಅನ್ನುವುದನ್ನು ವೇಗ ಹೇಳುತ್ತದೆ. ಎಷ್ಟು ಬೇಗ ಇಳಿಯಬೇಕು ಅನ್ನುವುದರಲ್ಲಿ ನಾವು ನಿಂತ ಜಾಗದ ಪಾಲೂ ಇದೆ.

ಈಗ ಲೆಕ್ಕ. ನಮ್ಮ ಅತ್ಯುತ್ತಮ ರೆಕಾರ್ಡಿಂಗಿನಲ್ಲಿ ಹಾರ್ನಿನ ಒಂದು ಗೆರೆ ಬರುವಾಗ 391 ಹರ್ಟ್ಜ್ (ಸೆಕೆಂಡಿಗೆ 391 ಕಂಪನ), ಹೋಗುವಾಗ 345 ಹರ್ಟ್ಜ್. ವ್ಯತ್ಯಾಸ 46, ಮೊತ್ತ 736. ವ್ಯತ್ಯಾಸವನ್ನು ಮೊತ್ತದಿಂದ ಭಾಗಿಸಿ ಶಬ್ದದ ವೇಗದಿಂದ ಗುಣಿಸಿದರೆ ರೈಲಿನ ವೇಗ ಬಂತು. ಹಾರ್ನಿನ ಮೂಲ ಶ್ರುತಿ ಗೊತ್ತಿರಬೇಕಾಗಿಲ್ಲ, ಲೆಕ್ಕದಲ್ಲಿ ಅದು ತಾನೇ ಹಾರಿಹೋಗುತ್ತದೆ. ಇದು ನನಗೆ ತುಂಬಾ ಇಷ್ಟವಾದ ಸಂಗತಿ. ಫೋನಿನ ಗಡಿಯಾರ ಸ್ವಲ್ಪ ಹಿಂದೆ ಮುಂದೆ ಇದ್ದರೂ ಪರವಾಗಿಲ್ಲ, ಆ ತಪ್ಪು ಎರಡೂ ಸಂಖ್ಯೆಗೆ ಒಂದೇ ಪ್ರಮಾಣದಲ್ಲಿ ತಗಲಿ ಹೋಗಿಬಿಡುತ್ತದೆ.

ಶಬ್ದದ ವೇಗ ಎಷ್ಟು ಅನ್ನುವಲ್ಲಿ ನಾನು ಎಡವಿದೆ. ಅಭ್ಯಾಸಬಲದಿಂದ 340 ಅಂತ ಹಾಕಿದೆ, ಗಂಟೆಗೆ 76.5 ಕಿಲೋಮೀಟರ್ ಬಂತು. ಒಬ್ಬ ಹುಡುಗ ಅದೇ ರೈಲಿನಲ್ಲಿ ಕೂತು ಫೋನಿನ ಜಿಪಿಎಸ್ ನೋಡುತ್ತಾ ಬಂದಿದ್ದ. ಅವನ ಪ್ರಕಾರ ತೋಟ ದಾಟುವಾಗ 78, 79. "ನಿಮ್ಮ ಲೆಕ್ಕ ಕಮ್ಮಿ ಬಂದಿದೆ ಸರ್" ಅಂದ. ಆಗ ನೆನಪಾಯಿತು, ಸೊನ್ನೆ ಡಿಗ್ರಿಯಲ್ಲಿ ಶಬ್ದದ ವೇಗ ಸೆಕೆಂಡಿಗೆ 331 ಮೀಟರ್. ಒಂದೊಂದು ಡಿಗ್ರಿಗೂ 0.6 ಮೀಟರ್ ಜಾಸ್ತಿ. ಆ ಮಧ್ಯಾಹ್ನ ತೋಟದ ನೆರಳಿನಲ್ಲೂ 30 ಡಿಗ್ರಿ. ಅಂದರೆ 349. ಮತ್ತೆ ಲೆಕ್ಕ ಹಾಕಿದೆ. ಸೆಕೆಂಡಿಗೆ 21.8 ಮೀಟರ್, ಗಂಟೆಗೆ 78.5 ಕಿಲೋಮೀಟರ್. ಹುಡುಗ ಗೆದ್ದ ಮುಖ ಮಾಡಿದ.

ಮಾಡಿ ನೋಡುವವರಿಗೆ ಒಂದೆರಡು ಮಾತು. ಎರಡು ಸಂಖ್ಯೆಗಳ ವ್ಯತ್ಯಾಸದಲ್ಲಿ 1 ಹರ್ಟ್ಜ್ ತಪ್ಪಿದರೆ ವೇಗದಲ್ಲಿ ಗಂಟೆಗೆ 1.7 ಕಿಲೋಮೀಟರ್ ತಪ್ಪುತ್ತದೆ. ಹಾಗಾಗಿ ಸ್ಪೆಕ್ಟ್ರಂ ತೆಗೆಯುವಾಗ ಸ್ಯಾಂಪಲ್ ಗಾತ್ರ 32768 ಇಟ್ಟುಕೊಳ್ಳಿ. ಅದಕ್ಕೆ ಮುಕ್ಕಾಲು ಸೆಕೆಂಡಿನಷ್ಟು ಸದ್ದು ಬೇಕು. ಮಟ್ಟಸ ಗೆರೆಯ ಭಾಗದಿಂದಲೇ ಆರಿಸಿ, ಜಾರುವ ಭಾಗದಿಂದ ಬೇಡ. ಇನ್ನೊಂದು ಉಪಾಯ ನನಗೆ ತಡವಾಗಿ ಹೊಳೆಯಿತು. ಕೆಳಗಿನ ಗೆರೆಯ ಬದಲು ಅದರ ಮೂರು ಪಟ್ಟಿನ ಗೆರೆ ಹಿಡಿಯಿರಿ. 1173 ಮತ್ತು 1035. ವ್ಯತ್ಯಾಸ ಮೂರು ಪಟ್ಟಾಗುತ್ತದೆ, ಅಳತೆಯ ತಪ್ಪು ಅಷ್ಟೇ ಇರುತ್ತದೆ. ಸದ್ದು ಒಡೆದಾಗ ಸೇರುವ ಕಸ ಅಂದೆನಲ್ಲ, ಆ ಕಸದಲ್ಲಿ ಈ ಮೇಲಿನ ಗೆರೆಗಳೂ ಇರುತ್ತವೆ. ಒಮ್ಮೊಮ್ಮೆ ಕೆಟ್ಟ ರೆಕಾರ್ಡಿಂಗೂ ಉಪಕಾರ ಮಾಡುತ್ತದೆ.

ಆ ರಾತ್ರಿ ಮನೆಯಲ್ಲಿ ಅದೇ ರೆಕಾರ್ಡಿಂಗ್ ಹಾಕಿಕೊಂಡು ಕೂತಿದ್ದೆ. ನನ್ನ ಹೆಂಡತಿ ಮನೆಯಲ್ಲೇ ಸಂಗೀತ ಪಾಠ ಹೇಳುತ್ತಾಳೆ. ಅಡುಗೆಮನೆಯಿಂದಲೇ ಕೂಗಿದಳು. "ಅದೇನು ರಿ ಸ, ರಿ ಸ ಅಂತ ಹಚ್ಚಿಕೊಂಡಿದೀರಿ?"

ನಾನು ಎದ್ದು ಹೋದೆ. "ಯಾವ ರಿ?"

"ಚತುಶ್ರುತಿ. ಸ್ವಲ್ಪ ಜಾಸ್ತಿನೇ ಇದೆ, ಒಂದು ಕೂದಲೆಳೆ."

ನನಗೆ ಮೈ ಜುಮ್ಮೆಂದಿತು. ಸ್ವರ ಅಂದರೆ ಆವರ್ತನಗಳ ಅನುಪಾತ ತಾನೇ! ಷಡ್ಜ (ಸ) 8 ಆದರೆ ರಿಯ ಒಂದು ಬಗೆಯಾದ ಚತುಶ್ರುತಿ ರಿಷಭ 9. ವ್ಯತ್ಯಾಸ 1, ಮೊತ್ತ 17. ಅಂದರೆ ಹಾರ್ನ್ ಚತುಶ್ರುತಿ ರಿಷಭದಿಂದ ಷಡ್ಜಕ್ಕೆ ಇಳಿದರೆ ರೈಲಿನ ವೇಗ ಶಬ್ದದ ವೇಗದ ಹದಿನೇಳನೇ ಒಂದು ಪಾಲು. 349ನ್ನು 17ರಿಂದ ಭಾಗಿಸಿ. ಗಂಟೆಗೆ ಸುಮಾರು 74 ಕಿಲೋಮೀಟರ್. ನಮ್ಮ ರೈಲು 78.5ರಲ್ಲಿ ಹೋಗಿತ್ತು. ಆ ಕೂದಲೆಳೆ ಅಂದರೆ ಈ ನಾಲ್ಕೂವರೆ ಕಿಲೋಮೀಟರ್. ಲ್ಯಾಪ್‌ಟಾಪಿಲ್ಲದೆ, ಒಗ್ಗರಣೆ ಹಾಕುತ್ತಾ ಹೇಳಿದ್ದಳು.

ಅವತ್ತು ಊಟ ತಡವಾಯಿತು. ಇಬ್ಬರೂ ಕೂತು ಉಳಿದ ಸ್ವರಗಳಿಗೂ ಲೆಕ್ಕ ಹಾಕಿದೆವು. ಶುದ್ಧ ರಿಷಭ ಷಡ್ಜಕ್ಕೆ 16ಕ್ಕೆ 15. ಮೊತ್ತ 31, ಹಾಗಾಗಿ ಗಂಟೆಗೆ 40 ಕಿಲೋಮೀಟರ್. ಸಾಧಾರಣ ಗಾಂಧಾರ 6ಕ್ಕೆ 5, ಮೊತ್ತ 11, ವೇಗ 114. ಅಂತರ ಗಾಂಧಾರ 5ಕ್ಕೆ 4, ಮೊತ್ತ 9, ವೇಗ ಸುಮಾರು 140. ಅಂತರ ಗಾಂಧಾರ ನಮ್ಮ ತೋಟದಲ್ಲಿ ಕೇಳಿಸುವ ಆಸೆ ಇಲ್ಲ. ಒಂದು ಎಚ್ಚರಿಕೆ ಹೇಳಬೇಕು. ಹಾರ್ನಿನಲ್ಲಿ ಒಂದಕ್ಕಿಂತ ಹೆಚ್ಚು ಸ್ವರ ಒಟ್ಟಿಗೆ ಮೊಳಗುತ್ತವೆ. ಕೇಳುವವರು ಒಂದೇ ಎಳೆ ಹಿಡಿದು ಕೊನೆವರೆಗೂ ಹೋಗಬೇಕು. ನನಗಂತೂ ಅದು ಬರುವುದಿಲ್ಲ.

ಸಂಗೀತಗಾರರ ಕಿವಿಯಿಂದ ರೈಲು ಅಳೆಯುವುದು ನಮ್ಮ ಹೊಸ ವಿದ್ಯೆಯೇನಲ್ಲ. ಡಾಪ್ಲರ್ ಪರಿಣಾಮಕ್ಕೆ ಸಿಕ್ಕ ಮೊದಲ ದೊಡ್ಡ ಪರೀಕ್ಷೆಯೇ ಹಾಗಿತ್ತು. ಸಾಲ್ಜ್‌ಬರ್ಗ್‌ನಲ್ಲಿ ಹುಟ್ಟಿದ ಕ್ರಿಶ್ಚಿಯನ್ ಡಾಪ್ಲರ್ 1842ರಲ್ಲಿ ಪ್ರಾಗ್ ನಗರದಲ್ಲಿ ತನ್ನ ಪ್ರಬಂಧ ಓದಿದ. ಅವನ ಮನಸ್ಸಿನಲ್ಲಿ ಇದ್ದದ್ದು ರೈಲಲ್ಲ, ಜೋಡಿ ನಕ್ಷತ್ರಗಳ ಬಣ್ಣ. ಅವು ಓಡುವುದರಿಂದಲೇ ಆ ಬಣ್ಣ ಕಾಣುತ್ತದೆ ಅಂದಿದ್ದ. ಹಾಲೆಂಡಿನ ಬೈಸ್ ಬ್ಯಾಲಟ್ ಅನ್ನುವ ವಿಜ್ಞಾನಿಗೆ ಆ ಬಣ್ಣದ ಮಾತು ಒಪ್ಪಿಗೆಯಾಗಲಿಲ್ಲ. ಶಬ್ದದಲ್ಲಾದರೂ ಹೀಗಾಗುತ್ತದಾ ನೋಡೋಣ ಅಂತ 1845ರಲ್ಲಿ ಯೂಟ್ರೆಕ್ಟ್ ಹತ್ತಿರದ ರೈಲು ಹಳಿ ಆರಿಸಿಕೊಂಡ. ರೈಲಿನ ಮೇಲೆ ತುತ್ತೂರಿ ಊದುವವರು. ಹಳಿ ಪಕ್ಕ ಶ್ರುತಿ ಬಲ್ಲ ಸಂಗೀತಗಾರರು. ಫೆಬ್ರವರಿಯ ಕೆಟ್ಟ ಹವೆಯಲ್ಲಿ ಮೊದಲ ಪ್ರಯತ್ನ ಹಾಳಾಯಿತು. ಜೂನ್‌ನಲ್ಲಿ ಮತ್ತೆ ಮಾಡಿ, ಶಬ್ದದ ಮಟ್ಟಿಗೆ ಡಾಪ್ಲರ್ ಸರಿ ಅಂತ ತೋರಿಸಿದ. ಬಣ್ಣದ ಬಗ್ಗೆ ಅವನ ಅನುಮಾನವೂ ಸರಿಯೇ ಇತ್ತು, ಅದು ಬೇರೆ ಮಾತು.

ಅವನ ಕಥೆ ಹೇಳಿದ ಮೇಲೆ ಮಕ್ಕಳಲ್ಲಿ ಒಬ್ಬಳು ಕೇಳಿದಳು. "ಸರ್, ಹಾರ್ನ್ ತೋಟದಲ್ಲಿದ್ದು ನಾವು ರೈಲಿನಲ್ಲಿದ್ದರೆ?"

ಒಳ್ಳೆಯ ಪ್ರಶ್ನೆ. ರೈಲಿನಲ್ಲಿ ಕೂತ ಹುಡುಗನಿಗೆ ತನ್ನ ರೈಲಿನ ಹಾರ್ನಿನಲ್ಲಿ ಯಾವ ಬದಲಾವಣೆಯೂ ಕೇಳಿರಲಿಲ್ಲ. ಹಾರ್ನೂ ಅವನೂ ಒಟ್ಟಿಗೇ ಹೋಗುತ್ತಿದ್ದರಲ್ಲ. ಹಾಗಾದರೆ ತೋಟದಲ್ಲಿ ಸ್ಪೀಕರ್ ಇಟ್ಟು ಒಂದೇ ಸ್ವರ ನುಡಿಸಿದರೆ? ಇಟ್ಟೆವು. ಹುಡುಗ ಕಿಟಕಿಯ ಬಳಿ ರೆಕಾರ್ಡ್ ಮಾಡಿದ. ಅವನು ತಂದಿದ್ದು ನಲವತ್ತು ಸೆಕೆಂಡಿನ ಗಾಳಿ, ನಡುವೆ "ಕಡ್ಲೇಕಾಯ್" ಅಂತ ಒಂದು ಕೂಗು. ನಮ್ಮ ಸ್ವರ ಎಲ್ಲೂ ಇಲ್ಲ. ಎರಡು ಸಲ ಮಾಡಿ ಬಿಟ್ಟುಬಿಟ್ಟೆವು.

ಆದರೆ ಪ್ರಶ್ನೆ ಬಿಡಲಿಲ್ಲ. ಅದಕ್ಕೆ ಉತ್ತರ ಸಿಕ್ಕಿದ್ದು ಅದೇ ತೋಟದ ನೀರಿನ ಕಾಲುವೆಯಲ್ಲಿ. ನೀರು ನಿಧಾನವಾಗಿ ಹರಿಯುತ್ತಿತ್ತು. ಒಬ್ಬಳು ಎರಡು ಸೆಕೆಂಡಿಗೊಂದು ತೆಂಗಿನ ಚಿಪ್ಪು ತೇಲಿಬಿಟ್ಟಳು. ಕೆಳಗೆ ನಿಂತವನು ಎಣಿಸಿದ. ಎರಡು ಸೆಕೆಂಡಿಗೊಂದು ಚಿಪ್ಪು ಬಂತು. ಆಮೇಲೆ ಅವಳು ನೀರಿನ ಅರ್ಧ ವೇಗದಲ್ಲಿ ಕೆಳಮುಖವಾಗಿ ನಡೆಯುತ್ತಾ ಚಿಪ್ಪು ಬಿಟ್ಟಳು. ಒಂದು ಚಿಪ್ಪು ಮುಂದೆ ತೇಲುವಷ್ಟರಲ್ಲಿ ಅವಳೂ ಹಿಂದೆಯೇ ಬರುತ್ತಿದ್ದಳು, ಹಾಗಾಗಿ ಚಿಪ್ಪುಗಳ ನಡುವಿನ ಅಂತರ ಅರ್ಧ ಆಯಿತು. ಕೆಳಗೆ ನಿಂತವನಿಗೆ ಸೆಕೆಂಡಿಗೊಂದು ಸಿಕ್ಕಿತು. ಮೂರನೇ ಸಲ ಅವಳು ನಿಂತಳು, ಅವನು ಅದೇ ವೇಗದಲ್ಲಿ ಮೇಲ್ಮುಖವಾಗಿ ನಡೆದ. ಈಗ ಚಿಪ್ಪುಗಳ ನಡುವಿನ ಅಂತರ ಬದಲಾಗಲಿಲ್ಲ. ಅವನೇ ಎದುರು ಹೋಗಿ ಬೇಗ ಬೇಗ ಹಿಡಿದ. ಲೆಕ್ಕದ ಪ್ರಕಾರ ನಾಲ್ಕು ಸೆಕೆಂಡಿಗೆ ಮೂರು ಚಿಪ್ಪು ಬರಬೇಕು, ಹೆಚ್ಚೂಕಮ್ಮಿ ಅಷ್ಟೇ ಬಂತು. ನಡೆಯುವ ವೇಗ ಒಂದೇ. ಆದರೂ ಬಿಡುವವಳು ನಡೆದರೆ ಬರುವ ಚಿಪ್ಪುಗಳು ಎರಡು ಪಟ್ಟು, ಹಿಡಿಯುವವನು ನಡೆದರೆ ಒಂದೂವರೆ ಪಟ್ಟು.

ಯಾಕೆ ಎರಡೂ ಒಂದೇ ಅಲ್ಲ? ನಡುವೆ ನೀರು ಇದೆ. ನೀರಿನ ಲೆಕ್ಕದಲ್ಲಿ ಯಾರು ನಿಂತಿದ್ದಾರೆ, ಯಾರು ನಡೆಯುತ್ತಿದ್ದಾರೆ ಅನ್ನುವುದು ಮುಖ್ಯ. ಶಬ್ದಕ್ಕೆ ಆ ನೀರು ಅಂದರೆ ಗಾಳಿ.

ಮನೆಗೆ ಬಂದು 391, 345 ಎರಡನ್ನೂ ಮತ್ತೆ ಮುಂದಿಟ್ಟುಕೊಂಡೆ. ಆಗ ನನಗೆ ಗೊತ್ತೇ ಇಲ್ಲದ ಒಂದು ವಿಷಯ ಕಂಡಿತು. ಹಾರ್ನ್ ಚಲಿಸುತ್ತಿದ್ದರೆ ಅದರ ಮೂಲ ಶ್ರುತಿ ಈ ಎರಡು ಸಂಖ್ಯೆಗಳ ಹರಾತ್ಮಕ ಮಾಧ್ಯ (ಗುಣಲಬ್ಧದ ಎರಡು ಪಟ್ಟನ್ನು ಮೊತ್ತದಿಂದ ಭಾಗಿಸಿದ್ದು), ಅಂದರೆ 366.6. ಕೇಳುವವರು ಚಲಿಸುತ್ತಿದ್ದರೆ ಅದು ಸಮಾಂತರ ಮಾಧ್ಯ (ಮಾಮೂಲಿ ಸರಾಸರಿ), 368. ಎರಡರಲ್ಲೂ ವೇಗ ಅಷ್ಟೇ ಬರುತ್ತದೆ, ಸ್ವರಗಳ ಅನುಪಾತವೂ ಅಷ್ಟೇ. ನನ್ನ ಹೆಂಡತಿಯ ಕಿವಿ ಯಾರು ಓಡುತ್ತಿದ್ದಾರೆ ಅಂತ ಹೇಳಲಾರದು. ಮೂಲ ಶ್ರುತಿ ಗೊತ್ತಿದ್ದರೆ ಮಾತ್ರ ಹೇಳಬಹುದು. ಇನ್ನು ಬೆಳಕಿಗೆ? ಅಲ್ಲಿ ನೀರೂ ಇಲ್ಲ, ಗಾಳಿಯೂ ಇಲ್ಲ. ಖಾಲಿ ಜಾಗದಲ್ಲಿ ಯಾರು ನಿಂತವರು, ಯಾರು ಓಡುವವರು ಅನ್ನುವ ಪ್ರಶ್ನೆಗೇ ಅರ್ಥ ಇಲ್ಲ. ಒಬ್ಬರಿಗೊಬ್ಬರ ವೇಗ ಎಷ್ಟು ಅನ್ನುವುದಷ್ಟೇ ಉಳಿಯುತ್ತದೆ. ಐನ್‌ಸ್ಟೈನ್ 1905ರಲ್ಲಿ ಕೊಟ್ಟ ಸೂತ್ರ ಹಾಕಿದರೆ ಮೂಲ ಆವರ್ತನ ಗುಣೋತ್ತರ ಮಾಧ್ಯ (ಗುಣಲಬ್ಧದ ವರ್ಗಮೂಲ). ಮೊದಲಿನ ಎರಡು ಮಾಧ್ಯಗಳ ಸರಿ ನಡುವೆ, ಯಾರ ಕಡೆಗೂ ವಾಲದೆ. ಮೊದಲ ಪಿಯು ಗಣಿತದಲ್ಲಿ ಮಾಧ್ಯಗಳ ಲೆಕ್ಕ ಮಾಡುವಾಗ ಇದು ಯಾಕೆ ಬೇಕು ಅಂತ ಬೈದುಕೊಂಡಿದ್ದೆ.

ಹಾಗಾದರೆ ಬೆಳಕಿನದ್ದೂ ನಮ್ಮ ಕೈಯಲ್ಲೇ ಅಳೆಯಬಹುದಾ? ಕಣ್ಣಿಗೆ ಕಾಣುವ ಬೆಳಕೇ ಆಗಬೇಕು ಅಂತಿಲ್ಲ. ರೇಡಿಯೋ ಅಲೆಯೂ ಅದೇ ಜಾತಿ, ಅದೇ ವೇಗ. ನನಗೆ ಹ್ಯಾಮ್ ರೇಡಿಯೋ, ಅಂದರೆ ಹವ್ಯಾಸಿ ರೇಡಿಯೋ ಲೈಸೆನ್ಸ್ ಇದೆ. ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣದಿಂದ ಆಗಾಗ 145.800 ಮೆಗಾಹರ್ಟ್ಜ್‌ನಲ್ಲಿ ಹ್ಯಾಮ್‌ಗಳಿಗಾಗಿ ಚಿತ್ರಗಳನ್ನು ಕಳಿಸುತ್ತಾರೆ. ಮೂಲ ಆವರ್ತನ ಇಷ್ಟೇ ಅಂತ ಗೊತ್ತಿರುವ, ಸೆಕೆಂಡಿಗೆ ಏಳೂವರೆ ಕಿಲೋಮೀಟರಿಗೂ ಜಾಸ್ತಿ ಓಡುವ ಹಾರ್ನ್ ಅದು. ಇದಕ್ಕಿಂತ ಇನ್ನೇನು ಬೇಕು?

ಬಡಗಿಗಳ ಸ್ಟೀಲ್ ಅಳತೆ ಟೇಪ್ ಕತ್ತರಿಸಿ, ಪಿವಿಸಿ ಪೈಪಿಗೆ ಕಟ್ಟಿ ಆಂಟೆನಾ ಮಾಡಿದೆವು. ಲ್ಯಾಪ್‌ಟಾಪಿಗೆ ಚುಚ್ಚಿ ರೇಡಿಯೋ ಸಂಕೇತ ಹಿಡಿಯುವ ಒಂದು ಅಗ್ಗದ ಎಸ್‌ಡಿಆರ್ ಡಾಂಗಲ್ ಇತ್ತು. ಕಾಲೇಜಿನ ತಾರಸಿ ಹತ್ತಿದೆವು. ನಿಲ್ದಾಣ ದಿಗಂತ ಬಿಟ್ಟು ಮೇಲೆದ್ದ ಹೊತ್ತಿಗೆ ಸರಿಯಾಗಿ ಪರದೆಯ ಮೇಲೆ ಸಂಕೇತ ಬಂತು. ಆದರೆ ಎಲ್ಲಿ? ಬರುವಾಗ ಮೂಲಕ್ಕಿಂತ ಮೂರೂವರೆ ಕಿಲೋಹರ್ಟ್ಜ್ ಮೇಲೆ ಇರಬೇಕಿತ್ತು, ಇದ್ದದ್ದು ಕೆಳಗೆ. ಅದು ತಲೆ ಮೇಲೆ ಬಂದಾಗ ಮೂಲಕ್ಕೆ ಸರಿಯಾಗಿ ಇರಬೇಕಿತ್ತು, ಇದ್ದದ್ದು ಸುಮಾರು 6 ಕಿಲೋಹರ್ಟ್ಜ್ ಕೆಳಗೆ. ಸೂತ್ರಕ್ಕೆ ಹಾಕಿದರೆ ನಿಲ್ದಾಣ ನಮ್ಮಿಂದ ಸೆಕೆಂಡಿಗೆ 12 ಕಿಲೋಮೀಟರ್ ವೇಗದಲ್ಲಿ ದೂರ ಓಡುತ್ತಿದೆ! ಭೂಮಿಯನ್ನೇ ಬಿಟ್ಟು ಹೋಗಲು 11.2 ಸಾಕು. ಒಬ್ಬ ಹುಡುಗ ತಲೆ ಮೇಲೆ ಕೈ ಇಟ್ಟು "ಪಾಪ, ಒಳಗಿರೋರು" ಅಂದ.

ತಪ್ಪು ಡಾಂಗಲಿನದು. ಆವರ್ತನಕ್ಕೆ ಅಳತೆಗೋಲಾಗುವ ಒಳಗಿನ ಹರಳು ಅಗ್ಗದ್ದು, ಹತ್ತು ಲಕ್ಷಕ್ಕೆ 40ರಷ್ಟು ಆಚೀಚೆ. 145.8 ಮೆಗಾಹರ್ಟ್ಜ್‌ಗೆ ಅದೇ ಸುಮಾರು 6 ಕಿಲೋಹರ್ಟ್ಜ್ ಆಗಿಬಿಡುತ್ತದೆ. ಬಿಸಿಯಾದರೆ ಇನ್ನೂ ಜಾರುತ್ತದೆ. ಇಲ್ಲೂ ರೈಲಿನ ಉಪಾಯವೇ ಕೈಹಿಡಿಯಿತು. ಗೆರೆ ಎಲ್ಲಿದೆ ಅನ್ನುವುದು ಬಿಟ್ಟು, ಮೊದಲಿನಿಂದ ಕೊನೆಗೆ ಎಷ್ಟು ಇಳಿಯಿತು ಅಂತ ನೋಡಿದೆವು. ಡಾಂಗಲನ್ನು ಅರ್ಧ ಗಂಟೆ ಮೊದಲೇ ಚಾಲೂ ಮಾಡಿ ಬಿಸಿಯಾಗಲು ಬಿಟ್ಟೆವು. ಮುಂದಿನ ಸಲ ನಿಲ್ದಾಣ ಹಾದುಹೋದಾಗ ಒಟ್ಟು ಇಳಿತ 6.8 ಕಿಲೋಹರ್ಟ್ಜ್ ಬಂತು. ಅದರ ಅರ್ಧ 3.4. ವೇಗ ಸೆಕೆಂಡಿಗೆ 7 ಕಿಲೋಮೀಟರ್.

ನಿಜವಾದ ವೇಗ ಸುಮಾರು 7.66. ಇಲ್ಲಿ ನಾವು ಕಮ್ಮಿ ಅಳೆದದ್ದಕ್ಕೆ ಕಾರಣ ಇದೆ. ನಿಲ್ದಾಣ ಸುಮಾರು 400 ಕಿಲೋಮೀಟರ್ ಮೇಲೆ ಭೂಮಿಯನ್ನು ಸುತ್ತುತ್ತಿದೆ, ರೈಲಿನಂತೆ ನೇರ ನಮ್ಮ ಕಡೆ ಬರುವುದಿಲ್ಲ. ದಿಗಂತದಲ್ಲಿ ಇರುವಾಗಲೂ ಅದರ ವೇಗದ ನೂರಕ್ಕೆ 94 ಪಾಲು ಮಾತ್ರ ನಮ್ಮ ದಿಕ್ಕಿಗೆ ಇರುತ್ತದೆ. ಅದರ ಮೇಲೆ ಭೂಮಿಯೂ ನಿಲ್ದಾಣದ ಹಾಗೇ ಪೂರ್ವಕ್ಕೆ ತಿರುಗುತ್ತಿದೆ. ದಿಗಂತದ ಅಂಚು ನಮಗೆ ಮರಗಳ ಹಿಂದೆ ಮುಚ್ಚಿಹೋಗಿತ್ತು. ಇಷ್ಟೆಲ್ಲ ಕಳೆದರೆ 7 ಬಂದದ್ದು ನನಗಂತೂ ಹಬ್ಬ.

ಪರದೆಯ ಮೇಲಿನ ಗೆರೆಯ ಆಕಾರ ನೋಡಿದ ಕೂಡಲೇ ಮಕ್ಕಳು ಒಟ್ಟಿಗೇ ಕೂಗಿದರು. "ಸರ್, ಅದೇ ರೈಲು!" ಮಟ್ಟಸ, ಜಾರು, ಮಟ್ಟಸ. ಮೂರು ಸೆಕೆಂಡಿನ ಬದಲು ಹತ್ತು ನಿಮಿಷ.

ಮನೆಗೆ ಬಂದಾಗ ಹೆಂಡತಿ ಕೇಳಿದಳು, ಇದು ಯಾವ ಸ್ವರದಿಂದ ಯಾವ ಸ್ವರಕ್ಕೆ ಅಂತ. ಲೆಕ್ಕ ಹಾಕಿದೆ. ಬರುವಾಗಿನ ಮತ್ತು ಹೋಗುವಾಗಿನ ಆವರ್ತನಗಳ ಅನುಪಾತ 1.00005ರ ಆಸುಪಾಸು. ಅವಳ ಕೂದಲೆಳೆಯನ್ನು ನೂರೈವತ್ತು ಸೀಳು ಮಾಡಿದರೆ ಒಂದು ಸೀಳಿನಷ್ಟು. ಯಾವ ಕಿವಿಗೂ ನಿಲುಕದ್ದು. ಅಲೆಯ ವೇಗಕ್ಕೆ ಹೋಲಿಸಿದರೆ ನಮ್ಮ ರೈಲು ಶಬ್ದದ ಹದಿನಾರನೇ ಒಂದು ಪಾಲು ವೇಗದಲ್ಲಿ ಓಡುತ್ತದೆ. ಬಾಹ್ಯಾಕಾಶ ನಿಲ್ದಾಣ ಬೆಳಕಿನ ಮೂವತ್ತೊಂಬತ್ತು ಸಾವಿರದಲ್ಲಿ ಒಂದು ಪಾಲು. ಡಾಪ್ಲರ್ ಲೆಕ್ಕದಲ್ಲಿ ಅರಸೀಕೆರೆಯ ರೈಲು ಬಾಹ್ಯಾಕಾಶ ನಿಲ್ದಾಣಕ್ಕಿಂತ ಎರಡೂವರೆ ಸಾವಿರ ಪಟ್ಟು ಜೋರು! ಬೆಳಕಿನ ಡಾಪ್ಲರ್ ನಮ್ಮ ದಿನನಿತ್ಯದಲ್ಲಿ ಯಾಕೆ ಕಾಣುವುದಿಲ್ಲ ಅನ್ನುವುದಕ್ಕೆ ನಾನು ಈಗ ಕ್ಲಾಸಿನಲ್ಲಿ ಇದನ್ನೇ ಹೇಳುತ್ತೇನೆ. ಮೂರು ಮಾಧ್ಯಗಳ ವ್ಯತ್ಯಾಸವನ್ನು ಇಲ್ಲಿ ಹುಡುಕುವ ಹಾಗೇ ಇಲ್ಲ. ಅದು ಒಂದು ಹರ್ಟ್ಜ್‌ನ ಹತ್ತನೇ ಒಂದು ಪಾಲಿಗೂ ಕಮ್ಮಿ. ಐವ್ಸ್ ಮತ್ತು ಸ್ಟಿಲ್‌ವೆಲ್ ಅನ್ನುವ ವಿಜ್ಞಾನಿಗಳು 1938ರಲ್ಲಿ ಅದನ್ನು ಹಿಡಿಯಲು ವೇಗವಾಗಿ ಓಡುವ ಹೈಡ್ರೋಜನ್ ಅಯಾನುಗಳನ್ನೇ ಬಳಸಬೇಕಾಯಿತು.

ಕಣ್ಣಿಗೆ ಕಾಣುವ ಬೆಳಕಿನಲ್ಲೂ ಒಂದು ಕೈ ನೋಡಿದೆ. ಸೂರ್ಯನ ಒಂದು ಅಂಚು ನಮ್ಮ ಕಡೆಗೆ, ಇನ್ನೊಂದು ಅಂಚು ಆಚೆಗೆ ಸೆಕೆಂಡಿಗೆ ಸುಮಾರು 2 ಕಿಲೋಮೀಟರ್ ವೇಗದಲ್ಲಿ ತಿರುಗುತ್ತದೆ. ಹಳೇ ಡಿವಿಡಿ ತುಂಡಿನಿಂದ, ಬೆಳಕನ್ನು ಬಣ್ಣಗಳಾಗಿ ಬಿಡಿಸುವ ಸ್ಪೆಕ್ಟ್ರೋಸ್ಕೋಪ್ ಮಾಡಿದೆವು. ಸೂರ್ಯನನ್ನು ನೇರ ನೋಡದೆ, ಬಿಳಿ ಹಾಳೆಯ ಮೇಲೆ ಬಿದ್ದ ಬಿಸಿಲಿಗೆ ಅದನ್ನು ತಿರುಗಿಸಿದರೆ ಬಣ್ಣದ ಪಟ್ಟಿಯಲ್ಲಿ ಕಪ್ಪು ಗೆರೆಗಳು ಚೆನ್ನಾಗಿಯೇ ಕಂಡವು. ಅಳೆಯಬೇಕಾದದ್ದು ಸೋಡಿಯಂನ 589 ನ್ಯಾನೋಮೀಟರ್ ಗೆರೆ 0.004 ನ್ಯಾನೋಮೀಟರ್ ಸರಿಯುವುದನ್ನು. ನಮ್ಮ ಡಿವಿಡಿಗೆ 1 ನ್ಯಾನೋಮೀಟರ್ ಬೇರ್ಪಡಿಸುವುದೇ ಕಷ್ಟ. ಸೋತೆವು, ಲೆಕ್ಕ ಮೊದಲೇ ಮಾಡಿದ್ದರೆ ಒಂದು ಭಾನುವಾರ ಉಳಿಯುತ್ತಿತ್ತು.

ಆದರೆ ಇಷ್ಟೇ ಸಣ್ಣ ಸರಿತವನ್ನು ನಮ್ಮ ಪಕ್ಕದ ಬೆಟ್ಟದಲ್ಲೇ ಒಬ್ಬರು 1909ರಲ್ಲಿ ಅಳೆದಿದ್ದಾರೆ. ಕೊಡೈಕನಾಲ್ ವೀಕ್ಷಣಾಲಯದಲ್ಲಿದ್ದ ಜಾನ್ ಎವರ್‌ಶೆಡ್. ಸೂರ್ಯನ ಕಲೆಗಳ ಸುತ್ತಲಿನ ಅರೆಗಪ್ಪು ಭಾಗದಲ್ಲಿ ಗೆರೆಗಳು ಸರಿದಿರುವುದು ಅವರಿಗೆ ಕಂಡಿತು. ಕಲೆಯ ಒಂದು ಪಕ್ಕ ಕೆಂಪಿನ ಕಡೆಗೆ, ಇನ್ನೊಂದು ಪಕ್ಕ ನೀಲಿಯ ಕಡೆಗೆ. ಅನಿಲ ಕಲೆಯ ನಡುವಿನಿಂದ ಹೊರಕ್ಕೆ ಹರಿಯುತ್ತಿದೆ ಅಂತ ಅದರಿಂದ ಗೊತ್ತಾಯಿತು. ಇವತ್ತಿಗೂ ಅದಕ್ಕೆ ಎವರ್‌ಶೆಡ್ ಪರಿಣಾಮ ಅಂತಲೇ ಹೆಸರು. ಆ ವೀಕ್ಷಣಾಲಯವನ್ನು ಈಗ ನಡೆಸುವುದು ಬೆಂಗಳೂರಿನ ಕೋರಮಂಗಲದಲ್ಲಿರುವ ಭಾರತೀಯ ಖಭೌತ ಸಂಸ್ಥೆ. ಮಕ್ಕಳನ್ನು ಅಲ್ಲಿಗೆ ಕರೆದುಕೊಂಡು ಹೋಗಬೇಕು ಅಂತ ಎರಡು ವರ್ಷದಿಂದ ಅಂದುಕೊಳ್ಳುತ್ತಿದ್ದೇನೆ. ಬಸ್ಸಿನ ದುಡ್ಡು ಹೊಂದಿಸುವುದರಲ್ಲೇ ಇದ್ದೇನೆ.

ಕಳೆದ ತಿಂಗಳು ತೋಟದ ಮನೆಯಲ್ಲಿ ಊಟಕ್ಕೆ ಕರೆದಿದ್ದರು. ಹೆಂಡತಿಯೂ ಬಂದಿದ್ದಳು. ಎಲೆ ಎತ್ತುವ ಹೊತ್ತಿಗೆ ರೈಲು ಬಂತು. ಯಾರ ಫೋನೂ ಮರಕ್ಕೆ ಕಟ್ಟಿರಲಿಲ್ಲ. ಎಲ್ಲರೂ ಸುಮ್ನೆ ಇವಳ ಮುಖ ನೋಡಿದರು. ಹಾರ್ನ್ ದಾಟಿತು, ಜಾರಿತು.

"ಶುದ್ಧ ರಿಷಭ" ಅಂದಳು.

"ನಲವತ್ತಾ? ಇರಲಿಕ್ಕಿಲ್ಲ ಮೇಡಂ, ಇಲ್ಲಿ ಅಷ್ಟು ನಿಧಾನ ಹೋಗಲ್ಲ" ಅಂದ ಜಿಪಿಎಸ್ ಹುಡುಗ. ಇವಳು ಭುಜ ಹಾರಿಸಿ ಮಜ್ಜಿಗೆ ಲೋಟ ಎತ್ತಿಕೊಂಡಳು. ಹುಡುಗ ಸೈಕಲ್ ಹತ್ತಿ ಗೇಟಿನ ತನಕ ಹೋಗಿ ಬಂದ. ಮುಂದೆ ಹಳಿ ಕೆಲಸ ನಡೆಯುತ್ತಿದೆಯಂತೆ. ಆ ವಾರವೆಲ್ಲ ಅಲ್ಲಿ ಗಾಡಿಗಳನ್ನು ನಿಧಾನವಾಗಿಯೇ ಬಿಡುತ್ತಿದ್ದರಂತೆ.